ಪಿಂಚಣಿ ಖಾತೆಯಿಂದ ಕಟ್ ಆಗುತ್ತಿದ್ದ ಓಟಿಟಿ ದುಡ್ಡು: ಒಂದು ಮನೆಯ ಪ್ರಕರಣ

ಮಲೆನಾಡಿನ ಒಂದು ತಾಲ್ಲೂಕು ಕೇಂದ್ರ. ನಿವೃತ್ತ ಹೈಸ್ಕೂಲ್ ಮೇಷ್ಟ್ರು, ಅವರ ಹೆಂಡತಿ, ಮನೆಯಲ್ಲಿ ಇಬ್ಬರೇ. ಮಗ ಬೆಂಗಳೂರಿನಲ್ಲಿ, ಮಗಳು ಮೈಸೂರಿನಲ್ಲಿ. ಮೇಷ್ಟ್ರ ಪಿಂಚಣಿ ಖಾತೆಯಿಂದ ಏಪ್ರಿಲ್‌ನಿಂದ ಅಕ್ಟೋಬರ್‌ವರೆಗೆ ಸಣ್ಣಪುಟ್ಟ ಮೊತ್ತಗಳು ಕಟ್ ಆಗುತ್ತಾ ಹೋದವು. ಯಾರು ಕಟ್ ಮಾಡುತ್ತಿದ್ದಾರೆ, ಹೇಗೆ ನಿಲ್ಲಿಸೋದು, ಮನೆಯವರಿಗೆ ತಿಳಿಯಲಿಲ್ಲ. ನಿಲ್ಲಿಸಲು ಮಾಡಿದ ಮೊದಲ ಪ್ರಯತ್ನಗಳೆಲ್ಲ ಬೇರೆ ಬಾಗಿಲು ತಟ್ಟಿದಂತಾದವು.

ಅವರ ಒಪ್ಪಿಗೆ ಪಡೆದೇ ಇದನ್ನು ಬರೆಯುತ್ತಿದ್ದೇನೆ. ಊರು, ಬ್ಯಾಂಕು, ಕಂಪನಿಗಳ ಹೆಸರು ಬಿಟ್ಟಿದ್ದೇನೆ. ಗುರುತು ಸಿಗಬಹುದಾದ ಒಂದೆರಡು ವಿವರ ಬದಲಿಸಿದ್ದೇನೆ. ಪರಿಚಯದವರಿಗೆ ಬ್ಯಾಂಕ್ ತೊಡಕು ಬಂದರೆ ಜೊತೆ ಕೂತು ಬಿಡಿಸುವುದು ನನ್ನ ರೂಢಿ. ಅಕ್ಟೋಬರ್‌ನಲ್ಲಿ ಮೇಷ್ಟ್ರು ಪಾಸ್‌ಬುಕ್ ಹಿಡಿದು ಬಂದಾಗ ಅರ್ಧ ಕಥೆ ಆಗಲೇ ನಡೆದುಹೋಗಿತ್ತು.

ಹಿನ್ನೆಲೆ

ಮೇಷ್ಟ್ರು ಮೊಬೈಲಿಗೆ ಹೊಸಬರಲ್ಲ. ಹಾಲಿನವನಿಗೆ, ಕರೆಂಟ್ ಬಿಲ್ಲಿಗೆ, ಔಷಧಿ ಅಂಗಡಿಗೆ ಎಲ್ಲ ಯುಪಿಐ. ಆದರೆ ಲೆಕ್ಕ ನೋಡುವುದು ಮಾತ್ರ ಪಾಸ್‌ಬುಕ್ಕಿನಲ್ಲಿ. ಮೂರು ನಾಲ್ಕು ತಿಂಗಳಿಗೊಮ್ಮೆ ಬ್ಯಾಂಕಿಗೆ ಹೋಗಿ ಎಂಟ್ರಿ ಹಾಕಿಸುತ್ತಾರೆ. ಬ್ಯಾಂಕಿನ ಮೆಸೇಜುಗಳು ಫೋನಿಗೆ ಬರುತ್ತಿದ್ದವು. 'ನಿಮಗೆ ಸಾಲ ಮಂಜೂರಾಗಿದೆ', 'ರಮ್ಮಿ ಆಡಿ ಗೆಲ್ಲಿ' ಅನ್ನುವ ರಾಶಿಯಲ್ಲಿ ಅವೂ ಹೂತುಹೋಗಿದ್ದವು. ರೇಜಿಗೆಯಾಗಿ ಮೆಸೇಜಿನ ಸದ್ದನ್ನೇ ಬಂದ್ ಮಾಡಿಸಿದ್ದರು.

ಆಗಸ್ಟ್‌ನಲ್ಲಿ ಎಂಟ್ರಿ ಹಾಕಿಸಿದಾಗ ಕಣ್ಣಿಗೆ ಬಿದ್ದಿದ್ದು ಇಷ್ಟು: ಏಪ್ರಿಲ್‌ನಲ್ಲಿ 1 ರೂಪಾಯಿ. ಅದೇ ತಿಂಗಳ ಕೊನೆಗೆ 399. ಮೇ ತಿಂಗಳಿಂದ ಪ್ರತಿ ತಿಂಗಳೂ 149. ಜೂನ್‌ನಲ್ಲಿ ಒಂದೇ ಸಲ 1,499. ಜುಲೈನಲ್ಲಿ 499. ಒಟ್ಟು ಸುಮಾರು ಮೂರು ಸಾವಿರ. ಹೆಸರಿನ ಜಾಗದಲ್ಲಿ ಅರ್ಧಕ್ಕೇ ತುಂಡಾದ ಅಕ್ಷರಗಳು, ಉದ್ದದ ನಂಬರುಗಳು. ಒಂದು ಕಡೆ ಯಾವುದೋ ಪೇಮೆಂಟ್ ಗೇಟ್‌ವೇ, ಅಂದರೆ ಕಂಪನಿಗಳ ಪರವಾಗಿ ದುಡ್ಡು ಪಡೆಯುವ ಮಧ್ಯವರ್ತಿಯ ಹೆಸರು, ಇನ್ನೊಂದು ಕಡೆ ಪ್ಲೇ ಸ್ಟೋರ್. ಓಟಿಟಿ, ಅಂದರೆ ಇಂಟರ್ನೆಟ್‌ನಲ್ಲಿ ಸಿನಿಮಾ ತೋರಿಸುವ ಸೇವೆ, ಅನ್ನುವ ಪದ ಎಲ್ಲೂ ಇರಲಿಲ್ಲ.

ಮೇಷ್ಟ್ರಿಗೆ ಹೆದರಿಕೆ ಹುಟ್ಟಿಸಿದ್ದು 1,499 ಅಲ್ಲ, ಆ 1 ರೂಪಾಯಿ. 'ಕಳ್ಳರು ಮೊದಲು ಒಂದು ರೂಪಾಯಿ ಎಳೆದು ನೋಡ್ತಾರೆ, ಆಮೇಲೆ ಖಾತೆ ಬರಿದು ಮಾಡ್ತಾರೆ' ಅನ್ನುವ ವಾಟ್ಸಾಪ್ ಸಂದೇಶ ಅವರ ಗುಂಪಿನಲ್ಲೇ ಓಡಾಡಿತ್ತು. ಮೊದಲು 399, ಆಮೇಲೆ 499. ಮೊತ್ತ ಏರಿದ್ದು ನೋಡಿ ಅನುಮಾನ ಗಟ್ಟಿಯಾಯಿತು. ಹ್ಯಾಕ್ ಆಗಿದೆ ಎಂದು ಮನೆಯಲ್ಲಿ ತೀರ್ಮಾನವಾಯಿತು.

ನಾನು ಬರುವ ಮುಂಚೆ ನಡೆದದ್ದು

ಮೇಷ್ಟ್ರು ಅದೇ ದಿನ ಬ್ಯಾಂಕಿಗೆ ಓಡಿದರು. ಕೌಂಟರಿನಲ್ಲಿದ್ದವರು ಪಾಸ್‌ಬುಕ್ ನೋಡಿ, 'ಕಾರ್ಡ್ ಬ್ಲಾಕ್ ಮಾಡಿಸಿಬಿಡಿ ಸಾರ್, ಹೊಸದು ಬರುತ್ತೆ' ಅಂದರು. ಮಾಡಿಸಿದರು. ಹೊಸ ಕಾರ್ಡಿನ ಶುಲ್ಕವೂ ಖಾತೆಯಿಂದಲೇ ಹೋಯಿತು. ಸೆಪ್ಟೆಂಬರ್‌ನಲ್ಲಿ ಮತ್ತೆ 149 ಕಟ್.

ಮಗ ಬೆಂಗಳೂರಿನಿಂದ ಬ್ಯಾಂಕಿಗೆ ಆನ್‌ಲೈನ್ ದೂರು ಹಾಕಿದ. ಎಲ್ಲ ಸಾಲುಗಳನ್ನೂ ಒಟ್ಟಿಗೆ ಸೇರಿಸಿ, 'ನಾವು ಮಾಡದ ವ್ಯವಹಾರ, ಮೋಸವಾಗಿದೆ' ಎಂದು ಬರೆದ. ಕೆಲವು ವಾರದ ನಂತರ ಉತ್ತರ ಬಂತು: ಯುಪಿಐ ವ್ಯವಹಾರಗಳಿಗೆ ಗ್ರಾಹಕರ ಪಿನ್‌ನಿಂದ ಅನುಮತಿ ಸಿಕ್ಕಿದೆ, ದೂರು ಮುಕ್ತಾಯವಾಗಿದೆ. ಮಗನಿಗೆ ಸಿಟ್ಟು. ಬ್ಯಾಂಕೂ ಕಳ್ಳರ ಜೊತೆ ಸೇರಿದೆ ಅನ್ನುವಷ್ಟು.

ಮೂರನೆಯ ಪ್ರಯತ್ನವೇ ಎಲ್ಲಕ್ಕಿಂತ ಅಪಾಯದ್ದು. ಮೇಷ್ಟ್ರು ಪಾಸ್‌ಬುಕ್ಕಿನಲ್ಲಿದ್ದ ಹೆಸರನ್ನು ಗೂಗಲ್‌ನಲ್ಲಿ ಹಾಕಿ, ಜೊತೆಗೆ 'ಕಸ್ಟಮರ್ ಕೇರ್ ನಂಬರ್' ಅಂತ ಹುಡುಕಿದರು. ಒಂದು ಮೊಬೈಲ್ ನಂಬರ್ ಸಿಕ್ಕಿತು. ಫೋನ್ ಎತ್ತಿದವನು ಬಹಳ ಮರ್ಯಾದೆಯಿಂದ ಮಾತಾಡಿದ. 'ಎಲ್ಲ ದುಡ್ಡೂ ವಾಪಸ್ ಕೊಡಿಸ್ತೀವಿ ಸರ್, ಒಂದು ಆ್ಯಪ್ ಹಾಕ್ಕೊಳ್ಳಿ, ಆಮೇಲೆ ನಾನು ಕಳಿಸೋ ರಿಕ್ವೆಸ್ಟ್‌ಗೆ ಪಿನ್ ಒತ್ತಿ' ಅಂದ. ಆ ಆ್ಯಪ್ ಮೊಬೈಲಿನ ಪರದೆಯನ್ನು ಇನ್ನೊಬ್ಬರಿಗೆ ತೋರಿಸುವಂಥದ್ದು. ಅಡುಗೆಮನೆಯಲ್ಲಿದ್ದ ಅಮ್ಮನವರಿಗೆ ಸ್ಪೀಕರಿನ ಮಾತು ಕೇಳಿಸುತ್ತಿತ್ತು. ಒಗ್ಗರಣೆ ಸೌಟು ಹಿಡಿದೇ ಹೊರಗೆ ಬಂದರು. 'ದುಡ್ಡು ನಮಗೆ ಬರೋದಕ್ಕೆ ನಮ್ಮ ಪಿನ್ ಯಾಕ್ರೀ ಬೇಕು? ಇಡಿ ಫೋನು!' ಅವರ ಸ್ತ್ರೀಶಕ್ತಿ ಸಂಘದಲ್ಲಿ ಯಾರೋ ಬಂದು ಇದನ್ನೇ ಹೇಳಿಕೊಟ್ಟಿದ್ದರಂತೆ.

ಆ ಒಂದು ಪ್ರಶ್ನೆಯಿಂದ ಖಾತೆ ಉಳಿಯಿತು. ಇಂಥ ಪ್ರಕರಣಗಳಲ್ಲಿ ದೊಡ್ಡ ನಷ್ಟವಾಗುವುದು ಓಟಿಟಿ ದುಡ್ಡಿನಲ್ಲಿ ಅಲ್ಲ, ಅದನ್ನು ವಾಪಸ್ ತರಲು ಹೊರಟ ದಾರಿಯಲ್ಲಿ. 149 ಹುಡುಕಲು ಹೋಗಿ ಪಿಂಚಣಿಯನ್ನೇ ಕಳೆದುಕೊಂಡವರಿದ್ದಾರೆ.

ಒಂದು ಕಳ್ಳತನವಲ್ಲ, ಮೂರು ದಾರಿ

ಅಕ್ಟೋಬರ್‌ನಲ್ಲಿ ಮತ್ತೊಂದು 499 ಹೋಯಿತು. ಅದಾದ ಮೇಲೆ ಇನ್ನೊಂದು 149. ಮಗ 1930ಕ್ಕೆ, ಅಂದರೆ ಸೈಬರ್ ವಂಚನೆಯ ಸಹಾಯವಾಣಿಗೆ, ಫೋನ್ ಮಾಡೋಣ ಅನ್ನುತ್ತಿದ್ದ. ಮೇಷ್ಟ್ರಿಗೆ ಯಾಕೋ ಹಿಂಜರಿಕೆ. ಆಗ ಅವರು ನನ್ನ ಹತ್ತಿರ ಬಂದಿದ್ದು.

ಮೊದಲು ನಾನು ಕೇಳಿಕೊಂಡಿದ್ದು ಒಂದೇ: 'ಯಾರು ಕದ್ದರು ಅನ್ನೋದನ್ನ ಇವತ್ತು ಬಿಡೋಣ ಮೇಷ್ಟ್ರೇ. ಪ್ರತಿ ಸಾಲೂ ಯಾವ ದಾರಿಯಲ್ಲಿ ಹೋಗಿದೆ ಅಷ್ಟು ನೋಡೋಣ.' ಎರಡು ವರ್ಷದ ಸ್ಟೇಟ್‌ಮೆಂಟ್ ಇಳಿಸಿಕೊಂಡು ಪ್ರಿಂಟ್ ತೆಗೆಸಿದೆವು. ಪಾಸ್‌ಬುಕ್ಕಿಗಿಂತ ಅದರಲ್ಲಿ ವಿವರ ಜಾಸ್ತಿ ಇರುತ್ತದೆ. ಮೇಷ್ಟ್ರು ಜೇಬಿನಿಂದ ಕೆಂಪು ಪೆನ್ ತೆಗೆದರು, ಹಳೇ ಅಭ್ಯಾಸ. ಅನುಮಾನದ ಸಾಲುಗಳಿಗೆಲ್ಲ ಸುತ್ತು ಹಾಕಿದರು. ಆಮೇಲೆ ಸುತ್ತುಗಳನ್ನು ವಿಂಗಡಿಸಿದೆವು.

1,499ರ ಸಾಲಿನಲ್ಲಿ ಕಾರ್ಡಿನ ಗುರುತಿತ್ತು. ಉಳಿದವೆಲ್ಲ ಯುಪಿಐ. ಅದರಲ್ಲೂ ಎರಡು ಬಗೆ. 1, 399, 499, 499 ಒಂದೇ ಗೇಟ್‌ವೇ ಹೆಸರಿನಲ್ಲಿ, ಮೂರು ತಿಂಗಳಿಗೊಮ್ಮೆ. 149 ಪ್ಲೇ ಸ್ಟೋರ್ ಹೆಸರಿನಲ್ಲಿ, ತಿಂಗಳಿಗೊಮ್ಮೆ. ಒಬ್ಬ ಕಳ್ಳನ ಕೆಲಸ ಅಂದುಕೊಂಡಿದ್ದು ಮೂರು ಬೇರೆ ಬೇರೆ ಒಪ್ಪಂದಗಳು.

ಕಾರ್ಡ್ ಬ್ಲಾಕ್ ಯಾಕೆ ಕೆಲಸ ಮಾಡಲಿಲ್ಲ ಅನ್ನುವುದು ಇಲ್ಲಿಗೆ ಅರ್ಥವಾಯಿತು. ಯುಪಿಐ ಆಟೋಪೇ, ಅಂದರೆ ಒಮ್ಮೆ ಒಪ್ಪಿದರೆ ಕಂತು ತಾನಾಗಿಯೇ ಕಟ್ ಆಗುವ ವ್ಯವಸ್ಥೆ, ಕಾರ್ಡಿಗೆ ಅಂಟಿಕೊಂಡಿರುವುದಿಲ್ಲ. ಖಾತೆಗೆ ಅಂಟಿಕೊಂಡಿರುತ್ತದೆ. ಹೊಸ ಕಾರ್ಡ್ ತಂದರೂ ಅದಕ್ಕೆ ಏನೂ ಆಗುವುದಿಲ್ಲ. ಬ್ಲಾಕ್‌ನಿಂದ ಮುರಿದಿದ್ದು 1,499ರ ವಾರ್ಷಿಕ ಕಂತು ಮಾತ್ರ. ಅದು ಮತ್ತೆ ಬರಬೇಕಿದ್ದು ಮುಂದಿನ ಜೂನ್‌ಗೆ!

ಈ ವ್ಯವಸ್ಥೆ ಹೇಗೆ ನಡೆಯುತ್ತದೆ ಅನ್ನುವುದನ್ನು ಇಲ್ಲಿ ಸ್ವಲ್ಪ ಹೇಳಬೇಕು. ಯುಪಿಐ ನಡೆಸುವ ಸಂಸ್ಥೆ ಎನ್‌ಪಿಸಿಐ ಆಟೋಪೇ ತಂದಿದ್ದು 2020ರ ಜುಲೈನಲ್ಲಿ. ಕಾರ್ಡುಗಳ ಪದೇ ಪದೇ ಕಟ್ ಆಗುವ ಪಾವತಿಗೆ ರಿಸರ್ವ್ ಬ್ಯಾಂಕಿನ ಬಿಗಿ ನಿಯಮ ಪೂರ್ತಿ ಜಾರಿಯಾಗಿದ್ದು 2021ರ ಅಕ್ಟೋಬರ್ 1ರಿಂದ. ಎರಡರ ತಿರುಳೂ ಒಂದೇ. ಮೊದಲ ಸಲ ಒಪ್ಪಿಗೆ ಕೊಡುವಾಗ ಪಿನ್ ಅಥವಾ ಓಟಿಪಿ ಬೇಕು. ಈ ಒಪ್ಪಿಗೆಗೇ ಮ್ಯಾಂಡೇಟ್ ಅನ್ನುವುದು. ಆಮೇಲೆ ಒಂದು ಸಲಕ್ಕೆ 15,000 ರೂಪಾಯಿವರೆಗಿನ ಕಂತು ಪಿನ್ ಕೇಳದೆ ತಾನಾಗಿಯೇ ಹೋಗುತ್ತದೆ. 2022ರ ಜೂನ್‌ಗೆ ಮುಂಚೆ ಈ ಮಿತಿ 5,000 ಇತ್ತು. ಪ್ರತಿ ಕಂತಿಗೂ ಕನಿಷ್ಠ 24 ಗಂಟೆ ಮುಂಚೆ ಗ್ರಾಹಕರಿಗೆ ತಿಳಿಸಬೇಕು. ಯಾರಿಗೆ, ಎಷ್ಟು, ಯಾವಾಗ ಅನ್ನುವುದು ಅದರಲ್ಲಿರಬೇಕು.

ಹಾಗಾದರೆ ಮೇಷ್ಟ್ರಿಗೆ ಮುನ್ಸೂಚನೆ ಬಂದಿರಲಿಲ್ಲವಾ? ಬಂದಿತ್ತು. ಫೋನಿನ ಮೆಸೇಜುಗಳಲ್ಲಿ ಹುಡುಕಿದಾಗ ಸಾಲದ ಆಮಿಷಗಳ ನಡುವೆ ಸಿಕ್ಕವು. ಒಂದನ್ನೂ ತೆರೆದಿರಲಿಲ್ಲ.

ತಿರುವು

ಮೇಷ್ಟ್ರ ಫೋನಿನಲ್ಲಿ ಎರಡು ಯುಪಿಐ ಆ್ಯಪ್ ಇದ್ದವು. ದಿನಾ ಬಳಸುವುದು ಒಂದು. ಅದರಲ್ಲಿ ಆಟೋಪೇ ಅನ್ನುವ ಜಾಗ ತೆರೆದರೆ ಖಾಲಿ. ಮಗನೂ ಹಿಂದೆ ಫೋನಿನಲ್ಲೇ ಹೇಳಿ ಅದನ್ನು ತೆಗೆಸಿ ನೋಡಿದ್ದ, ಏನೂ ಇಲ್ಲ ಎಂದು ಕೈಬಿಟ್ಟಿದ್ದ. ಇನ್ನೊಂದು ಆ್ಯಪ್ ಮೂಲೆಯಲ್ಲಿ ಬಿದ್ದಿತ್ತು. ಅದನ್ನು ತೆರೆದಾಗ ಎರಡು ಮ್ಯಾಂಡೇಟ್ ಜೀವಂತ ಕೂತಿದ್ದವು.

ಮೊದಲನೆಯದನ್ನು ಒತ್ತಿದೆವು. ಓಟಿಟಿ ಕಂಪನಿಯ ಹೆಸರು ಕಂಡಿತು. ಮೂರು ತಿಂಗಳಿಗೊಮ್ಮೆ. ಗರಿಷ್ಠ ಮೊತ್ತ 1,500. ಮುಗಿಯುವ ದಿನ ಇಪ್ಪತ್ತೈದು ವರ್ಷಕ್ಕಿಂತ ಆಚೆ. ಮೇಷ್ಟ್ರು ಕನ್ನಡಕ ಏರಿಸಿ ಎರಡು ಸಲ ಓದಿದರು. 'ಅಲ್ಲೀವರೆಗೆ ನಾನೇ ಇರಲ್ಲ, ಇದು ಇರುತ್ತಾ?' ಅಂದರು.

399 ಇದ್ದದ್ದು 499 ಆದ ಗುಟ್ಟೂ ಅಲ್ಲೇ ಇತ್ತು. ಮೇಷ್ಟ್ರು ಒಪ್ಪಿಗೆ ಕೊಟ್ಟಿದ್ದು 399ಕ್ಕೆ ಅಲ್ಲ, 1,500ರವರೆಗೆ. ಕಂಪನಿ ಬೆಲೆ ಏರಿಸಿದರೆ ಆ ಮಿತಿಯೊಳಗೆ ಹೊಸ ಪಿನ್ ಬೇಕಿಲ್ಲ. ಮ್ಯಾಂಡೇಟ್‌ಗೆ ಪಿನ್ ಒತ್ತುವ ಪರದೆಯಲ್ಲಿ ಈ ಗರಿಷ್ಠ ಮೊತ್ತ ಬರೆದೇ ಇರುತ್ತದೆ. ಆದರೆ ದೊಡ್ಡ ಅಕ್ಷರದ '₹1' ಮುಂದೆ ಅದನ್ನು ಓದುವವರು ಯಾರು?

ಮ್ಯಾಂಡೇಟ್ ಶುರುವಾದ ದಿನ ನೋಡಿದೆ. ಏಪ್ರಿಲ್, ಒಂದು ಭಾನುವಾರ. ರಜೆಗೆ ಮಗಳು ಮೊಮ್ಮಗನ ಜೊತೆ ಬಂದಿದ್ದ ವಾರ. ಅಮ್ಮನವರನ್ನು ಮೆಲ್ಲಗೆ ಕೇಳಿದೆ, ಆ ವಾರ ಯಾರಾದರೂ ಸಿನಿಮಾ ಆ್ಯಪ್ ಹಾಕಿಕೊಂಡಿದ್ದರಾ ಅಂತ. ಅವರು ಗಂಡನ ಮುಖ ನೋಡಿದರು. 'ನೀವೇ ಅಲ್ವೇನ್ರೀ? ಹಳೇ ಕನ್ನಡ ಸಿನಿಮಾ ಎಲ್ಲ ಇದೆ, ಒಂದೇ ರೂಪಾಯಿ ಅಂತ ನೀವೇ ಒತ್ತಿದ್ದು. ನಾನೇ ನೋಡಿದ್ದೀನಿ.'

ಮೇಷ್ಟ್ರು ಸುಮ್ಮನಾದರು. ಆಮೇಲೆ ನೆನಪು ಒಂದೊಂದಾಗಿ ಬಂತು. ಏಳು ದಿನಕ್ಕೆ ಒಂದು ರೂಪಾಯಿ ಅನ್ನುವ ಜಾಹೀರಾತು. ಎರಡು ಸಿನಿಮಾ ನೋಡಿದ್ದು. ಅಷ್ಟೇ, ಮತ್ತೆ ತೆರೆದಿಲ್ಲ.

ಎರಡನೆಯ ಮ್ಯಾಂಡೇಟ್ ಪ್ಲೇ ಸ್ಟೋರ್ ಹೆಸರಿನಲ್ಲಿ, ಅದೇ ವಾರದ್ದು. ಇದರಲ್ಲಿ ಯಾವ ಆ್ಯಪ್‌ಗೆ ದುಡ್ಡು ಅನ್ನುವುದು ಕಾಣುವುದಿಲ್ಲ. ಪ್ಲೇ ಸ್ಟೋರ್ ತೆರೆದು ಸಬ್‌ಸ್ಕ್ರಿಪ್ಷನ್ (ಚಂದಾ) ಪಟ್ಟಿ ನೋಡಿದರೆ ಅದೂ ಖಾಲಿ. ಇಲ್ಲಿ ನಾವು ಸ್ವಲ್ಪ ಹೊತ್ತು ಸಿಕ್ಕಿಹಾಕಿಕೊಂಡೆವು. ಬಿಡಿಸಿದ್ದು ಬಲಮೇಲಿನ ಮೂಲೆಯ ಗುಂಡು ಚಿತ್ರ. ಅದನ್ನು ಒತ್ತಿದಾಗ ಇನ್ನೊಂದು ಜಿಮೇಲ್ ಕಾಣಿಸಿತು, ಮಗಳದ್ದು. ಫೋಟೋ ಕಳಿಸಿಕೊಳ್ಳಲು ರಜೆಯಲ್ಲಿ ಅಪ್ಪನ ಫೋನಿಗೆ ಹಾಕಿದ್ದಳು, ತೆಗೆಯಲು ಮರೆತಿದ್ದಳು. ಆ ಖಾತೆಗೆ ಬದಲಾಯಿಸಿದ ಕೂಡಲೇ ಪಟ್ಟಿಯಲ್ಲಿ ಮಕ್ಕಳ ಕಾರ್ಟೂನ್ ಆ್ಯಪ್. ತಿಂಗಳಿಗೆ 149.

'ತಾತ, ಇಲ್ಲಿ ನಂಬರ್ ಒತ್ತು' ಅಂದಿದ್ದನಂತೆ ಮೊಮ್ಮಗ. ತಾತ ಒತ್ತಿದ್ದಾರೆ. ಮೊದಲು ಕೆಲವು ದಿನ ಪುಕ್ಕಟೆ ಆಗಿದ್ದರಿಂದ ಅವತ್ತು ದುಡ್ಡೇನೂ ಹೋಗಲಿಲ್ಲ, ಹಾಗಾಗಿ ನೆನಪೂ ಉಳಿಯಲಿಲ್ಲ. ಹುಡುಗ ಊರಿಗೆ ಹೋದ ಮೇಲೆ ಜೂನ್‌ನಲ್ಲೇ ಆ್ಯಪ್ ತೆಗೆದುಹಾಕಿದ್ದರು. ಆ್ಯಪ್ ಅಳಿಸಿದರೆ ಸಬ್‌ಸ್ಕ್ರಿಪ್ಷನ್ ಅಳಿಯುವುದಿಲ್ಲ. ಪತ್ರಿಕೆ ಓದುವುದು ಬಿಟ್ಟರೂ ಏಜೆಂಟನಿಗೆ ಹೇಳದಿದ್ದರೆ ಬಿಲ್ಲು ಬರುತ್ತಲೇ ಇರುತ್ತದಲ್ಲ, ಹಾಗೆ.

1,499ರ ಕಥೆ ಬೇರೆ. ಅದನ್ನು ನಾನು ಎಲ್ಲರ ಎದುರು ಕೇಳಲಿಲ್ಲ. ಕಾರ್ಡಿನಿಂದ ಹೋದ ಹಣ, ಹಿಂದಿನ ಜೂನ್‌ನಲ್ಲೂ ಅದೇ ಮೊತ್ತ ಇದೆ. ಹ್ಯಾಕರ್ ವರ್ಷಕ್ಕೊಮ್ಮೆ ತಾರೀಖು ನೋಡಿ ಬರುವುದಿಲ್ಲ. ಮನೆಯವರಲ್ಲೇ ಯಾರೋ ಬಳಸುತ್ತಿರಬೇಕು. ಮಗಳಿಗೆ ಒಬ್ಬಳಿಗೇ ಫೋನ್ ಮಾಡಿಸಿದೆ. ಅವಳದೇ. ಹಿಂದೊಮ್ಮೆ ಊರಿಗೆ ಬಂದಾಗ ಹೊಸ ಟಿವಿಗೆ ಅಪ್ಪನ ಕಾರ್ಡ್ ಹಾಕಿದ್ದಳು, ಅಪ್ಪನೇ ಓಟಿಪಿ ಹೇಳಿದ್ದರು. ಆಮೇಲೆ ಮೈಸೂರಿನ ಮನೆಯ ಟಿವಿಯಲ್ಲೂ ಅದೇ ಲಾಗಿನ್. ತನ್ನ ಕಾರ್ಡಿನಿಂದ ಹೋಗುತ್ತಿದೆ ಅಂದುಕೊಂಡಿದ್ದಳು. ಎಲ್ಲರ ಎದುರು ಕೇಳಿದ್ದರೆ 1,499 ರೂಪಾಯಿಗೆ ಅಣ್ಣ ತಂಗಿ ಮಾತು ಬಿಡುವ ಸಾಧ್ಯತೆ ಇತ್ತು. ಮಗ ಅಷ್ಟು ಸಿಟ್ಟಿನಲ್ಲಿದ್ದ.

ದೂರಿನ ಪದ ಬದಲಾಯಿಸಿದ್ದು

ಈಗ ತೀರ್ಮಾನ ತೆಗೆದುಕೊಳ್ಳಬೇಕಿತ್ತು. ಮಗ ಇನ್ನೂ 1930 ಅನ್ನುತ್ತಿದ್ದ. 'ಮೋಸ ಅಂತ ಬರೆದರೆ ಬೇಗ ಹೆದರುತ್ತಾರೆ' ಅನ್ನುವುದು ಅವನ ವಾದ. ನಾನು ಒಪ್ಪಲಿಲ್ಲ, ಬರೀ ನ್ಯಾಯದ ಮಾತಿಗಾಗಿ ಅಲ್ಲ. ಆ ದಾರಿ ಕೆಲಸವನ್ನೂ ಮಾಡುವುದಿಲ್ಲ.

ರಿಸರ್ವ್ ಬ್ಯಾಂಕಿನ 2017ರ ಜುಲೈ 6ರ ಸುತ್ತೋಲೆ ಗ್ರಾಹಕರಿಗೆ ಒಳ್ಳೆಯ ರಕ್ಷಣೆ ಕೊಟ್ಟಿತು. ನಿಮ್ಮ ತಪ್ಪಿಲ್ಲದೆ, ಬ್ಯಾಂಕಿನ ತಪ್ಪೂ ಇಲ್ಲದೆ, ಹೊರಗಿನವರು ದುಡ್ಡು ಎಳೆದರೆ, ಬ್ಯಾಂಕಿನಿಂದ ಸೂಚನೆ ಬಂದ ಮೂರು ಕೆಲಸದ ದಿನದೊಳಗೆ ತಿಳಿಸಿದರೆ ನಷ್ಟ ನಿಮ್ಮದಲ್ಲ. ನಾಲ್ಕರಿಂದ ಏಳು ದಿನದೊಳಗೆ ಹೇಳಿದರೆ ಒಂದು ಮಿತಿಯವರೆಗೆ ಮಾತ್ರ ನಿಮ್ಮ ತಲೆಗೆ. ಅದಕ್ಕಿಂತ ತಡವಾದರೆ ಬ್ಯಾಂಕಿನ ಆಡಳಿತ ಮಂಡಳಿ ಒಪ್ಪಿದ ನೀತಿಯಂತೆ. ಪಾಸ್‌ಬುಕ್ ನೋಡಿ ನಾಲ್ಕು ತಿಂಗಳಿಗೆ ಎಚ್ಚರವಾಗುವವರಿಗೆ ಈ ಗಡುವು ಸಿಗುವುದೇ ಇಲ್ಲ. ಅದೂ ಅಲ್ಲದೆ ಇದೆಲ್ಲ 'ನಾನು ಅನುಮತಿ ಕೊಡದ' ವ್ಯವಹಾರಕ್ಕೆ. ಇಲ್ಲಿ ಪಿನ್ ಒತ್ತಿದ್ದು ಮೇಷ್ಟ್ರೇ. ಬ್ಯಾಂಕ್ ಅದನ್ನು ದಾಖಲೆ ಸಮೇತ ತೋರಿಸಿ ದೂರು ಮುಚ್ಚಿತ್ತು. ಅದನ್ನೇ ಇನ್ನೂ ಜೋರಾಗಿ ಹೇಳಿದರೆ ಉತ್ತರ ಬದಲಾಗುವುದಿಲ್ಲ.

ಆದರೆ ಮೇಷ್ಟ್ರ ಕಡೆ ನ್ಯಾಯವೇ ಇಲ್ಲ ಅಂತಲ್ಲ. 'ಒಂದು ರೂಪಾಯಿ' ಎಂದು ಕರೆದು, ಆಮೇಲಿನ ಬೆಲೆ ಸಣ್ಣ ಅಕ್ಷರದಲ್ಲಿ ಇಟ್ಟು, ರದ್ದು ಮಾಡುವ ದಾರಿ ಮುಚ್ಚಿಡುವುದು ಸರಿಯಾ? ಕೇಂದ್ರ ಗ್ರಾಹಕ ರಕ್ಷಣಾ ಪ್ರಾಧಿಕಾರ 2023ರ ನವೆಂಬರ್ 30ರಂದು 'ಡಾರ್ಕ್ ಪ್ಯಾಟರ್ನ್' ತಡೆಯುವ ಮಾರ್ಗಸೂಚಿ ಹೊರಡಿಸಿತು. ಗ್ರಾಹಕರನ್ನು ಯಾಮಾರಿಸುವ 13 ಬಗೆಯ ಪರದೆ ವಿನ್ಯಾಸಗಳನ್ನು ಅದು ಹೆಸರಿಸಿದೆ. ಸಬ್‌ಸ್ಕ್ರಿಪ್ಷನ್ ಬಲೆ ಅದರಲ್ಲಿ ಒಂದು. ರದ್ದು ಮಾಡುವುದನ್ನು ಸುತ್ತಿಬಳಸಿ ಕಷ್ಟ ಮಾಡುವುದು, ರದ್ದಿನ ಬಟನ್ ಬಚ್ಚಿಡುವುದು, ಪುಕ್ಕಟೆ ಸೇವೆಗೂ ಆಟೋ ಡೆಬಿಟ್ ಒಪ್ಪಿಗೆ ಕಸಿದುಕೊಳ್ಳುವುದು ಎಲ್ಲ ಅದರಡಿ ಬರುತ್ತವೆ. ಕೊನೆಯದು ನಮಗೆ ನೇರವಾಗಿ ಹೊಂದುತ್ತಿರಲಿಲ್ಲ. ಒಂದು ರೂಪಾಯಿ ಪುಕ್ಕಟೆ ಅಲ್ಲ ಎಂದು ಕಂಪನಿ ವಾದಿಸಬಹುದು. ಮೊದಲೆರಡನ್ನೇ ಹಿಡಿದೆವು.

ಹಾಗಾಗಿ ಹೊಸ ದೂರು ಬ್ಯಾಂಕಿಗಲ್ಲ, ಓಟಿಟಿ ಕಂಪನಿಗೆ. ಆ್ಯಪಿನೊಳಗೇ ಇರುವ ಸಹಾಯದ ಜಾಗದಿಂದ, ಮೇಷ್ಟ್ರ ಮಾತಲ್ಲೇ. ಸಾರಾಂಶ ಇಷ್ಟು: ಒಂದು ರೂಪಾಯಿಯ ಯೋಜನೆಗೆ ನಾನೇ ಒಪ್ಪಿದ್ದೆ. ಮುಂದೆ 399 ಮತ್ತು 499 ಕಟ್ ಆಗುವುದು ನನಗೆ ಸ್ಪಷ್ಟವಾಗಿರಲಿಲ್ಲ. ಏಪ್ರಿಲ್ ನಂತರ ಏನೂ ನೋಡಿಲ್ಲ, ನಿಮ್ಮ ದಾಖಲೆಯಲ್ಲೇ ಪರೀಕ್ಷಿಸಿ. ಸಬ್‌ಸ್ಕ್ರಿಪ್ಷನ್ ರದ್ದು ಮಾಡಿ, ಬಳಸದ ಅವಧಿಯ ಹಣ ಕೊಡಿ.

ಕೆಲಸದ ಕ್ರಮ

ಗಡಿಯಾರ ನೋಡಿ ಕ್ರಮ ಹಾಕಿದೆವು. ಅಕ್ಟೋಬರ್‌ನ 149 ಹೋಗಿದ್ದು ಹಿಂದಿನ ದಿನವಷ್ಟೇ. ಪ್ಲೇ ಸ್ಟೋರಿನ ಖರೀದಿಗೆ 48 ಗಂಟೆಯೊಳಗೆ ರೀಫಂಡ್ ಕೇಳಿದರೆ ಸಿಗುವ ಸಾಧ್ಯತೆ ಜಾಸ್ತಿ. ಆದ್ದರಿಂದ ಕಡಿಮೆ ಮೊತ್ತವಾದರೂ ಅದೇ ಮೊದಲು. ಮಗಳ ಖಾತೆಯಲ್ಲಿ ಆರ್ಡರ್ ನಂಬರ್ ಹುಡುಕಿ ಅವಳಿಂದಲೇ ಅರ್ಜಿ ಹಾಕಿಸಿದೆವು, ಸಬ್‌ಸ್ಕ್ರಿಪ್ಷನ್ ರದ್ದು ಮಾಡಿಸಿದೆವು.

ಆಮೇಲೆ ಓಟಿಟಿ. ಏನನ್ನೂ ರದ್ದು ಮಾಡುವ ಮುಂಚೆ ಎಲ್ಲದರ ಸ್ಕ್ರೀನ್‌ಶಾಟ್ ತೆಗೆದಿಟ್ಟೆವು: ಮ್ಯಾಂಡೇಟ್‌ನ ವಿವರ, ಅದರ ಗುರುತಿನ ಸಂಖ್ಯೆ, ಆ್ಯಪಿನಲ್ಲಿ 'ನೋಡಿದ್ದು' ಪಟ್ಟಿ. ಆ ಪಟ್ಟಿಯಲ್ಲಿ ಎರಡೇ ಸಿನಿಮಾ, ಎರಡೂ ಏಪ್ರಿಲ್‌ನವು. ಇದೇ ಮುಂದೆ ಕೈಹಿಡಿಯಿತು.

ಆ್ಯಪಿನಲ್ಲಿ ರದ್ದಿನ ಬಟನ್ ಸಿಗಲಿಲ್ಲ. ಬ್ರೌಸರಿನಲ್ಲಿ ಲಾಗಿನ್ ಆಗಿ, ಖಾತೆಯ ಒಳಗೆ, ಯೋಜನೆಯ ಒಳಗೆ ಹೋದಾಗ ಕೊನೆಗೆ ಸಿಕ್ಕಿತು. ಒತ್ತಿದರೆ 'ನಿಜವಾಗಿಯೂ ಬಿಟ್ಟು ಹೋಗ್ತೀರಾ?' ಮತ್ತೆ ಒತ್ತಿದರೆ 'ಒಂದು ತಿಂಗಳು ಪುಕ್ಕಟೆ ಕೊಡ್ತೀವಿ'. ಮೇಷ್ಟ್ರು ಬೆರಳು ಎತ್ತಿ ನಿಂತರು. ಪುಕ್ಕಟೆ ತಿಂಗಳು ಅಂದರೆ ಮ್ಯಾಂಡೇಟ್ ಮತ್ತೆ ಜೀವಂತ. ಬೇಡ ಅಂದೆವು.

ಅದಾದ ಮೇಲೆ ಯುಪಿಐ ಆ್ಯಪಿಗೆ ಬಂದು ಎರಡೂ ಮ್ಯಾಂಡೇಟ್ ರದ್ದು. ಇದೇ ಕ್ರಮ ಯಾಕೆ ಅಂದರೆ, ಮ್ಯಾಂಡೇಟ್ ಮಾತ್ರ ಕಿತ್ತರೆ ದುಡ್ಡು ನಿಲ್ಲುತ್ತದೆ, ಆದರೆ ಕಂಪನಿಯ ಪುಸ್ತಕದಲ್ಲಿ ನೀವು ಇನ್ನೂ ಬಾಕಿ ಉಳಿಸಿಕೊಂಡ ಗ್ರಾಹಕರಾಗಿರುತ್ತೀರಿ. 'ಪಾವತಿ ವಿಫಲವಾಗಿದೆ, ಸರಿಪಡಿಸಿ' ಎಂದು ಬರುವ ಮೆಸೇಜ್ ಒತ್ತಿ ಮತ್ತೆ ಹೊಸ ಮ್ಯಾಂಡೇಟ್ ಮಾಡಿಕೊಂಡವರನ್ನು ನೋಡಿದ್ದೇನೆ. ಕಂಪನಿ ರದ್ದಿನ ದಾರಿ ತೋರಿಸುತ್ತಲೇ ಇಲ್ಲ ಅಂದರೆ ಮಾತ್ರ ಮೊದಲು ಮ್ಯಾಂಡೇಟ್‌ಗೇ ಕೈ ಹಾಕಬೇಕು.

ರದ್ದು ಮಾಡುವಾಗ ಆ್ಯಪ್ ಪಿನ್ ಕೇಳಿತು. ಮೇಷ್ಟ್ರ ಕೈ ನಿಂತಿತು. 'ಪಿನ್ ಹಾಕಬಾರದು ಅಂತೀರಿ, ಈಗ ಇದೇ ಪಿನ್ ಕೇಳ್ತಿದೆ.' ಅವರ ಅನುಮಾನ ಸರಿಯಾಗೇ ಇತ್ತು. ವ್ಯತ್ಯಾಸ ಏನೆಂದರೆ, ಇಲ್ಲಿ ಆ್ಯಪ್ ತೆರೆದಿದ್ದು ನಾವು, ಆಟೋಪೇ ಜಾಗಕ್ಕೆ ಹೋಗಿದ್ದು ನಾವು, ರದ್ದು ಎಂದು ಒತ್ತಿದ್ದೂ ನಾವು. ಆಚೆಯಿಂದ ಯಾರೋ ಕಳಿಸಿದ ರಿಕ್ವೆಸ್ಟ್ ಅಲ್ಲ. ಪರದೆ ಮೇಲೆ ಏನು ಬರೆದಿದೆ ಎಂದು ಅವರಿಂದಲೇ ಜೋರಾಗಿ ಓದಿಸಿ ಆಮೇಲೆ ಪಿನ್ ಹಾಕಿಸಿದೆ.

ಏನಾಯಿತು

ಪ್ಲೇ ಸ್ಟೋರಿನ 149 ಬೇಗನೇ ವಾಪಸ್ ಬಂತು, ತಕರಾರಿಲ್ಲದೆ. ಹಿಂದಿನ ಐದು ತಿಂಗಳದ್ದು ಬರಲಿಲ್ಲ.

ಓಟಿಟಿ ಕಂಪನಿ ಮೊದಲು ಸಿದ್ಧ ಉತ್ತರ ಕಳಿಸಿತು: ಷರತ್ತಿನ ಪ್ರಕಾರ ರೀಫಂಡ್ ಇಲ್ಲ. ಆಮೇಲೆ ನಾವು ರಾಷ್ಟ್ರೀಯ ಗ್ರಾಹಕ ಸಹಾಯವಾಣಿ 1915ರಲ್ಲಿ ದೂರು ದಾಖಲಿಸಿ, ಸಿಕ್ಕ ದೂರಿನ ಸಂಖ್ಯೆ ಮತ್ತು 'ನೋಡಿದ್ದು' ಪಟ್ಟಿಯ ಸ್ಕ್ರೀನ್‌ಶಾಟ್ ಸೇರಿಸಿ ಅದೇ ಪತ್ರಕ್ಕೆ ಉತ್ತರಿಸಿದೆವು. ಸ್ವರ ಬದಲಾಯಿತು. ಅಕ್ಟೋಬರ್‌ನ 499 ಮರಳಿಸಿದರು. ಅದಕ್ಕೂ ಹಿಂದಿನದು ಇಲ್ಲ ಅಂದರು.

ಇಲ್ಲಿ ಮಗ ಮತ್ತು ಅಪ್ಪನಿಗೆ ಒಮ್ಮತವಾಗಲಿಲ್ಲ. ಗ್ರಾಹಕ ಆಯೋಗಕ್ಕೆ ಹೋಗೋಣ ಎಂದು ಮಗ. 5 ಲಕ್ಷದವರೆಗಿನ ದೂರಿಗೆ ಅಲ್ಲಿ ಶುಲ್ಕವೂ ಇಲ್ಲ, ಆನ್‌ಲೈನ್‌ನಲ್ಲೇ ಹಾಕಬಹುದು, ಅದು ನಿಜ. ಮೇಷ್ಟ್ರು ಬೇಡ ಅಂದರು. ನನ್ನ ಮನಸ್ಸು ಮಗನ ಕಡೆಗೇ ಸ್ವಲ್ಪ ವಾಲಿತ್ತು. ಇಂಥ ಸಣ್ಣ ಮೊತ್ತಕ್ಕೆ ಯಾರೂ ಹೋಗುವುದಿಲ್ಲ ಅನ್ನುವ ಧೈರ್ಯದ ಮೇಲೇ ಒಂದು ರೂಪಾಯಿಯ ಜಾಹೀರಾತು ನಡೆಯುವುದು. ಆದರೆ ದುಡ್ಡು ಅವರದು, ತೀರ್ಮಾನವೂ ಅವರದು.

ರಿಸರ್ವ್ ಬ್ಯಾಂಕ್ ಓಂಬುಡ್ಸ್‌ಮನ್ ಬಳಿಗೆ ಹೋಗುವ ಮಾತೂ ಬಂದಿತ್ತು. ಬ್ಯಾಂಕಿಗೆ ದೂರು ಕೊಟ್ಟು 30 ದಿನದಲ್ಲಿ ಉತ್ತರ ಬರದಿದ್ದರೆ, ಅಥವಾ ಉತ್ತರ ಸಮಾಧಾನ ಕೊಡದಿದ್ದರೆ ಹೋಗುವ ಜಾಗ ಅದು, ಖರ್ಚಿಲ್ಲ. ಆದರೆ ಇಲ್ಲಿ ಬ್ಯಾಂಕ್ ಮುನ್ಸೂಚನೆ ಕಳಿಸಿದೆ, ಪಿನ್ ಪರೀಕ್ಷಿಸಿದೆ. ಆ ದಾರಿಯಲ್ಲಿ ಬ್ಯಾಂಕಿನ ಮೇಲೆ ಹೊರಿಸುವುದಕ್ಕೆ ಏನೂ ಇರಲಿಲ್ಲ. ಕೌಂಟರಿನಲ್ಲಿ ಸಾಲು ಯಾವ ಬಗೆಯದು ಎಂದು ನೋಡದೆ ಕಾರ್ಡ್ ಬ್ಲಾಕ್ ಮಾಡಿಸಿದ್ದು ಬೇಸರದ ವಿಷಯವೇ. ಅದನ್ನು ಮೇಷ್ಟ್ರು ಮ್ಯಾನೇಜರಿಗೆ ಹೋಗಿ ಹೇಳಿದರು. ಶುಲ್ಕ ವಾಪಸ್ ಬರಲಿಲ್ಲ.

ಕಾರ್ಡಿನ ಶುಲ್ಕ ಬಿಟ್ಟು ಒಟ್ಟು ಲೆಕ್ಕ: ಹೋಗಿದ್ದು 3,791. ಬಂದಿದ್ದು 648. ಮಗಳ ಪಾಲಿನ 1,499 ಬಿಟ್ಟರೆ 1,644 ಹೋದದ್ದು ಹೋಯಿತು. ಮಗಳು 1,499 ಕಳಿಸಿದಳು, ಮೇಷ್ಟ್ರು ಅವತ್ತೇ ಮೊಮ್ಮಗನಿಗೆ ಅಂತ ತಿರುಗಿ ಕಳಿಸಿದರು. ಅವಳ ಸಬ್‌ಸ್ಕ್ರಿಪ್ಷನ್ ಈಗ ಅವಳ ಕಾರ್ಡಿಗೆ.

ಮನೆಯಲ್ಲಿ ಆದ ಬದಲಾವಣೆಗಳು ಸಣ್ಣವು. ಬ್ಯಾಂಕಿನ ಮೆಸೇಜಿಗೆ ಮಾತ್ರ ಬೇರೆ ಸದ್ದು ಇಟ್ಟುಕೊಟ್ಟಿದ್ದೇವೆ, ಉಳಿದವು ಮೌನ. ಬಳಸದ ಯುಪಿಐ ಆ್ಯಪನ್ನು ಅಳಿಸುವ ಮುಂಚೆ ಅದರಲ್ಲಿ ಮ್ಯಾಂಡೇಟ್ ಉಳಿದಿಲ್ಲ ಎಂದು ಖಾತ್ರಿ ಮಾಡಿಕೊಂಡು, ಅದರಿಂದ ಬ್ಯಾಂಕ್ ಖಾತೆಯನ್ನು ಬಿಡಿಸಿದೆವು. ಮಗಳ ಜಿಮೇಲ್ ತೆಗೆದೆವು. ತಿಂಗಳ ಮೊದಲ ವಾರ ಪಿಂಚಣಿ ಬಿದ್ದ ದಿನ ಮೇಷ್ಟ್ರು ಆಟೋಪೇ ಜಾಗವನ್ನು ಒಮ್ಮೆ ತೆರೆದು ನೋಡುತ್ತಾರೆ. ಅಮ್ಮನವರಿಗೆ ಹಳೇ ಸಿನಿಮಾ ಬೇಕೇ ಬೇಕು, ಅದರಲ್ಲಿ ರಾಜಿ ಇಲ್ಲ. ಓಟಿಟಿ ಸೇರಿಸಿ ಬರುವ ಮೊಬೈಲ್ ರೀಚಾರ್ಜ್ ಪ್ಯಾಕ್ ಹಾಕಿಸುತ್ತಾರೆ. ಅವಧಿ ಮುಗಿದರೆ ತಾನಾಗಿಯೇ ನಿಲ್ಲುತ್ತದೆ.

ಒಂದು ಕೆಲಸ ಇನ್ನೂ ಬಾಕಿ ಇದೆ. ಮೇಷ್ಟ್ರ ಸ್ವಂತ ಜಿಮೇಲ್ ಫೋನ್ ಕೊಂಡಾಗ ಅಂಗಡಿಯ ಹುಡುಗ ಮಾಡಿಕೊಟ್ಟಿದ್ದು. ಪಾಸ್‌ವರ್ಡ್ ಗೊತ್ತಿಲ್ಲ. ಕಂಪನಿಗಳ ರಸೀದಿಗಳೆಲ್ಲ ಅಲ್ಲಿಗೇ ಬರುತ್ತವೆ. ಫೋನ್ ಬದಲಾಯಿಸುವ ಮುಂಚೆ ಅದನ್ನು ಸರಿಮಾಡಿಕೊಳ್ಳಬೇಕು ಅಂತ ಮಗನಿಗೆ ಹೇಳಿದ್ದೇನೆ. ದೀಪಾವಳಿಗೆ ಬಂದಾಗ ಮಾಡ್ತೀನಿ ಅಂದಿದ್ದಾನೆ.